ಇಡೀ ಪರದೆ ಕೇಳುವ ಆಟ

ಕಾಲುವೆಯ ನೀರು ಗುಲಾಬಿ ಬಣ್ಣಕ್ಕೆ ತಿರುಗಿತ್ತು. ಗದ್ದೆಗಳು ಹಸಿರಾಗಿಯೇ ಇದ್ದವು, ಗುಡಿಸಲುಗಳ ಚಾವಣಿ ಕಂದಾಗಿಯೇ ಇತ್ತು. ನೀರು ಮಾತ್ರ ಬೇಕರಿ ಕೇಕಿನ ಮೇಲಿನ ಹೂವಿನ ಬಣ್ಣ ಹಿಡಿದು, ಪರದೆಯ ಮೇಲಿನ ಚೌಕದ ಒಂದು ತುದಿಯಿಂದ ಇನ್ನೊಂದು ತುದಿಗೆ ಮಿನುಗುತ್ತಾ ಹರಿಯುತ್ತಿತ್ತು.

"ಇದೇನವ್ವಾ, ಕಾಲುವೆಗೆ ರೋಸ್ ಮಿಲ್ಕ್ ಬಿಟ್ಟಿದೀಯಾ?" ಎಂದ ತಾತ.

"ಸ್ವಲ್ಪ ಇರು ತಾತ. ಬಣ್ಣ ಕೆಟ್ಟಿದೆ, ಸರಿಮಾಡ್ತೀನಿ."

"ಬೇಗ ಮಾಡು. ಈ ನೀರು ಕುಡಿದ್ರೆ ಪೈರಿಗೂ ಸಕ್ಕರೆ ಕಾಯಿಲೆ ಬರುತ್ತೆ."

ಅದು ಗುರುವಾರ ಬೆಳಗ್ಗೆ. ಭಾನುವಾರ ಪ್ಲಂಬರ್ ಬರುವವನಿದ್ದ. ಅಷ್ಟರೊಳಗೆ ಈ ಹಳೆಯ ಕಂಪ್ಯೂಟರ್ ಆಟವನ್ನು ಇಡೀ ಪರದೆಯಿಂದ ಇಳಿಸಿ ಒಂದು ಚೌಕದೊಳಗೆ ಕೂರಿಸಬೇಕಾಗಿತ್ತು. ಆಗದಿದ್ದರೆ ತಾತನ ಕೈಯಿಂದ ನೀರಿನ ಕೆಲಸ ಹೋಗುತ್ತಿತ್ತು. ಹೋದರೆ ಅದಕ್ಕೆ ಕಾರಣ ನಾನು. ಇದು ಮನೆಯಲ್ಲಿ ನನ್ನನ್ನು ಬಿಟ್ಟು ಯಾರಿಗೂ ಗೊತ್ತಿರಲಿಲ್ಲ.

ನಮ್ಮ ಮನೆ ರಾಮಮೂರ್ತಿ ನಗರದ ಒಂದು ತುದಿ ಮುಚ್ಚಿದ ಗಲ್ಲಿಯಲ್ಲಿದೆ. ಕೆಳಗೆ ತಾತ, ಅಮ್ಮ, ನಾನು. ಮೊದಲ ಮಹಡಿಯಲ್ಲಿ ಚಿಕ್ಕಪ್ಪನ ಸಂಸಾರ. ಅದರ ಮೇಲೆ ಎರಡು ಬಾಡಿಗೆ ಮನೆಗಳು. ನಾಲ್ಕಕ್ಕೂ ಒಂದೇ ಸಂಪು. ಕಾವೇರಿ ನೀರು ಮೂರು ದಿನಕ್ಕೊಮ್ಮೆ ಬರುತ್ತದೆ, ಬೆಳಗ್ಗೆ ಆರಕ್ಕೂ ಬರಬಹುದು, ಹನ್ನೊಂದಕ್ಕೂ ಬರಬಹುದು. ಗಲ್ಲಿಯ ಮೂಲೆಯಲ್ಲಿ ವಾಲ್ವ್ ಇದೆ. ಅದನ್ನು ತಿರುಗಿಸುವವನು ಉದ್ದನೆಯ ಕಬ್ಬಿಣದ ಸಲಾಕೆ ಹಿಡಿದು ಸ್ಕೂಟರಿನಲ್ಲಿ ಬರುತ್ತಾನೆ, ತಿರುಗಿಸುತ್ತಾನೆ, ಯಾರಿಗೂ ಹೇಳದೆ ಹೋಗುತ್ತಾನೆ. ಆಮೇಲೆ ನಮ್ಮ ಗೇಟಿನ ಬಳಿ ನೆಲದೊಳಗಿರುವ ಕಾಕನ್ನು, ಎಂದರೆ ನಮ್ಮ ಪೈಪಿನ ತಿರುಪು ನಲ್ಲಿಯನ್ನು, ತೆರೆಯಬೇಕು. ಸಂಪು ತುಂಬಿದ ಕೂಡಲೇ ಮುಚ್ಚಬೇಕು. ತೆರೆಯದಿದ್ದರೆ ನಾಲ್ಕು ಮನೆಗೂ ಮೂರು ದಿನ ನೀರಿಲ್ಲ. ಮುಚ್ಚದಿದ್ದರೆ ಬೀದಿಯೆಲ್ಲಾ ನೀರು.

ಈ ಕೆಲಸ ತಾತನದು. ಮಂಡಿ ನೋವಿನಿಂದ ಅವನಿಗೆ ಬಗ್ಗಲಾಗುವುದಿಲ್ಲ. ಅದಕ್ಕೆಂದೇ ಸೊಂಟದೆತ್ತರದ ಒಂದು ಕೀಲಿ ಮಾಡಿಸಿಕೊಂಡಿದ್ದಾನೆ, ನಿಂತುಕೊಂಡೇ ಕಾಕು ತಿರುಗಿಸಬಹುದು. ಅದು ಹಾಲಿನಲ್ಲಿ ಅವನ ಕುರ್ಚಿಯ ಪಕ್ಕದ ಮೊಳೆಗೆ ತೂಗುತ್ತದೆ. ಬೇರೆ ಯಾರೂ ಅದನ್ನು ಮುಟ್ಟುವುದಿಲ್ಲ.

ಯಾರೋ ಬೈಕಿನಿಂದ ಪೆಟ್ರೋಲ್ ಕದ್ದ ಮೇಲೆ ಚಿಕ್ಕಪ್ಪ ಎರಡು ಕ್ಯಾಮೆರಾ ಹಾಕಿಸಿದರು. ಒಂದು ಗಲ್ಲಿಯ ಮೂಲೆಯನ್ನು ನೋಡುತ್ತದೆ, ಇನ್ನೊಂದು ನಮ್ಮ ಗೇಟನ್ನು. ಅವೆರಡರ ಚಿತ್ರ ಕಾಣಲೆಂದು ಶಿವಾಜಿನಗರದಿಂದ ಒಂದು ಸೆಕೆಂಡ್ ಹ್ಯಾಂಡ್ ಕಂಪ್ಯೂಟರ್ ತಂದು ತಾತನ ಕುರ್ಚಿಯ ಎದುರಿಗಿಟ್ಟರು. ಮೂಲೆಯ ವಾಲ್ವ್ ಪರದೆಯ ಮೇಲೆ ಕಾಣುವುದರಿಂದ ತಾತ ಬಿಸಿಲಿನಲ್ಲಿ ಹೊರಗೆ ಕಾಯುವುದು ತಪ್ಪಿತು. ಆದರೆ ಖಾಲಿ ಗಲ್ಲಿಯನ್ನು ಐದು ಗಂಟೆ ನೋಡುತ್ತಾ ಕೂರುವುದು ಯಾರಿಂದ ಸಾಧ್ಯ? ಒಂದು ದಿನ ನಾನು ಟ್ರಂಕಿನ ತಳದಿಂದ, ಶಾಲೆಯಲ್ಲಿದ್ದಾಗ ಶಿವಾಜಿನಗರದ ಫುಟ್‌ಪಾತಿನಲ್ಲೇ ಕೊಂಡಿದ್ದ ಒಂದು ಆಟದ ಸಿ.ಡಿ. ತೆಗೆದು ಅದಕ್ಕೆ ಹಾಕಿಕೊಟ್ಟೆ. ಊರು ಕಟ್ಟುವ ಆಟ. ಗುಡಿಸಲು ಹಾಕಬೇಕು, ಕಾಲುವೆ ತೋಡಬೇಕು, ಬೆಳೆ ಬೆಳೆಯಬೇಕು, ಸೈನ್ಯ ಕಟ್ಟಬೇಕು, ಕುದುರೆಯ ಮೇಲೆ ಬರುವ ದಾಳಿಕೋರರನ್ನು ಓಡಿಸಬೇಕು.

ತಾತ ಸೈನ್ಯ ಕಟ್ಟುವುದೇ ಇಲ್ಲ. ಕಾಲುವೆ ತೋಡುತ್ತಾನೆ. ನಕ್ಷೆಯ ತೀರಾ ಬಲತುದಿಗೆ ಒಂದು ಗದ್ದೆ ಮಾಡಿ ಮೊದಲು ಅಲ್ಲಿಗೆ ನೀರು ಮುಟ್ಟಿಸುತ್ತಾನೆ, ಆಮೇಲೆ ಹಿಂದಕ್ಕೆ ಬರುತ್ತಾ ಒಂದೊಂದೇ ಗದ್ದೆಯ ಬಾಯಿ ಬಿಡಿಸುತ್ತಾನೆ. ಕುದುರೆಯವರು ಬಂದು ಎಲ್ಲವನ್ನೂ ಸುಡುತ್ತಾರೆ. "ಬಂದ್ರಪ್ಪಾ ನೆಂಟ್ರು" ಎಂದು ಹೇಳಿ ಮತ್ತೆ ಮೊದಲಿನಿಂದ ಶುರುಮಾಡುತ್ತಾನೆ. ಅವನ ಅಂಕ ಯಾವತ್ತೂ ಮೂರಂಕಿ ದಾಟಿದ್ದಿಲ್ಲ.

ನೀರು ಹತ್ತಿರದ ಗದ್ದೆಗಲ್ಲವೇ ಮೊದಲು ಹೋಗಬೇಕಾದ್ದು ಎಂದು ನಾನೊಮ್ಮೆ ಕೇಳಿದ್ದೆ.

"ನಿನ್ ಎಮ್ಮೆಸ್ಸಿಲಿ ಇದನ್ನ ಹೇಳ್ಕೊಡ್ಲಿಲ್ವಾ?" ಎಂದ. "ತೂಬಿನ ಹತ್ರ ಇರೋನಿಗೆ ಏನವ್ವಾ, ಕಾಲಲ್ಲಿ ಕೆರೆದ್ರೂ ನೀರು ಬರುತ್ತೆ. ಕೊನೆ ಗದ್ದೆ ಒದ್ದೆ ಆಯ್ತು ಅಂದ್ರೆ ಮಧ್ಯದಲ್ಲಿ ಕಾಲುವೆ ಎಲ್ಲೂ ಒಡೆದಿಲ್ಲ, ಯಾರೂ ಕದ್ದಿಲ್ಲ ಅಂತ ಅರ್ಥ. ನಮ್ಮಪ್ಪ ಹಂಗೇ ಬಿಡ್ತಿದ್ದಿದ್ದು."

ತಾತನ ಅಪ್ಪ ಕೆ.ಆರ್. ಪುರದಾಚೆಯ ಒಂದು ಕೆರೆಯ ನೀರುಗಂಟಿ. ಕೆರೆಯ ತೂಬು ತೆರೆದು, ಯಾವ ಗದ್ದೆಗೆ ಎಷ್ಟು ಹೊತ್ತು ನೀರು ಎಂದು ನಿರ್ಧರಿಸಿ ಹರಿಸುವ ಕೆಲಸ. ತಾತನೂ ಕೆಲವು ವರ್ಷ ಅದನ್ನೇ ಮಾಡಿದ. ನೀರು ಬಿಡುವ ಕೈ ನಮ್ಮವರದು, ಗದ್ದೆ ನಮ್ಮದಲ್ಲ. ಸುಗ್ಗಿಯಲ್ಲಿ ಗದ್ದೆಗೊಂದು ಹೊರೆ ಪೈರು ಕೊಡುತ್ತಿದ್ದರಂತೆ. ಗದ್ದೆಗಳು ಸೈಟುಗಳಾದವು, ತಾತ ಕಾರ್ಖಾನೆ ಸೇರಿದ. ಆ ತೂಬಿನ ಕಲ್ಲು ಈಗ ಒಂದು ಅಪಾರ್ಟ್‌ಮೆಂಟಿನ ಕಾಂಪೌಂಡಿನ ಒಳಗಿದೆ. ನಾನು ಒಮ್ಮೆ ಹೊರಗಿನಿಂದ ಅದರ ಮೇಲ್ತುದಿಯನ್ನು ನೋಡಿ ಬಂದೆ, ಯಾರಿಗೂ ಹೇಳಲಿಲ್ಲ.

ತಾತನಿಂದ ಎರಡು ಸಲ ನೀರು ತಪ್ಪಿತು. ಮೊದಲನೆಯ ಸಲ ಕಾಕು ತೆರೆಯುವುದೇ ತಡವಾಗಿ ಸಂಪಿಗೆ ಒಂದು ಗೇಣು ನೀರೂ ಬೀಳಲಿಲ್ಲ, ಟ್ಯಾಂಕರ್ ತರಿಸಬೇಕಾಯಿತು. ಎರಡು ವಾರ ಕಳೆದು, ಆ ಗುರುವಾರದ ಹಿಂದಿನ ದಿನ ಬುಧವಾರ, ಮುಚ್ಚುವುದು ಮರೆತು, ಸಂಪು ತುಂಬಿ ಉಕ್ಕಿ ಮೂಲೆಯವರೆಗೂ ಹರಿಯಿತು. ಆ ಸಂಜೆ ಚಿಕ್ಕಪ್ಪ ಕೆಳಗಿಳಿದು ಬಂದರು.

"ಅಪ್ಪಾ, ನೀನು ಇಷ್ಟು ದಿನ ಮಾಡಿದ್ದು ಸಾಕು. ರೆಸ್ಟ್ ತಗೋ. ಭಾನುವಾರ ಪ್ಲಂಬರ್‌ಗೆ ಹೇಳಿದೀನಿ. ಆ ಕಾಕು ತೆಗೆಸಿ ಆಟೋಮ್ಯಾಟಿಕ್ ಹಾಕಿಸ್ಬಿಡ್ತೀನಿ. ನೀರು ಬಂದ ತಕ್ಷಣ ಅದೇ ತಗೊಳುತ್ತೆ, ತುಂಬಿದ್ರೆ ಅದೇ ನಿಲ್ಸುತ್ತೆ."

"ನಾನೇನ್ ಮಾಡ್ಲಿ?" ಎಂದ ತಾತ.

"ಟೀವಿ ನೋಡು."

"ಟೀವೀಲಿ ಏನಿದೆ ನೋಡೋಕೆ?"

"ಅಪ್ಪಾ, ಬೇಜಾರ್ ಮಾಡ್ಕೋಬೇಡ. ವಯಸ್ಸಾಗಿದೆ. ಮರೆವು ಬಂದೇ ಬರುತ್ತೆ."

ತಾತ ಕೀಲಿಯ ಕಡೆ ನೋಡಿದ, ಅಷ್ಟೇ. ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದೆ. ಮರೆವಲ್ಲ ಚಿಕ್ಕಪ್ಪ, ಆಟ ಶುರುವಾದರೆ ಕ್ಯಾಮೆರಾ ಚಿತ್ರ ಮುಚ್ಚಿಹೋಗುತ್ತದೆ, ಆ ಆಟ ಹಾಕಿಕೊಟ್ಟದ್ದು ನಾನು ಎಂದು ಹೇಳಬೇಕಿತ್ತು. ಹೇಳಿದ್ದರೆ ಅವರು ಆಟವನ್ನು ತೆಗೆಸುತ್ತಿದ್ದರು, ಕಾಕನ್ನೂ ತೆಗೆಸುತ್ತಿದ್ದರು. ಮೊದಲು ಸರಿಮಾಡಿ ಆಮೇಲೆ ಹೇಳೋಣ ಎಂದುಕೊಂಡೆ. ಅದು ನನ್ನ ಸ್ವಭಾವ. ಒಳ್ಳೆಯ ಸ್ವಭಾವ ಎಂದು ನಾನು ವಾದಿಸುವುದಿಲ್ಲ.

ಗುರುವಾರ, ಶುಕ್ರವಾರ ನಾನು ಇಂದಿರಾನಗರದ ಆಫೀಸಿಗೆ ಹೋಗದೆ ಮನೆಯಿಂದಲೇ ಕೆಲಸ ಮಾಡಿದೆ. ನಡುನಡುವೆ ತಾತನ ಪಕ್ಕ ಕುಳಿತೆ. ಮೊದಮೊದಲು ಅಪರಾಧ ಪ್ರಜ್ಞೆಯಿಂದ ಕುಳಿತವಳಿಗೆ ಸ್ವಲ್ಪ ಹೊತ್ತಿನಲ್ಲಿ ಆಟದ ಬಗ್ಗೆಯೇ ಕುತೂಹಲ ಹುಟ್ಟಿತು. ಆ ಕಾಲದ ಆಟಗಳು ಕಂಪ್ಯೂಟರಿನಲ್ಲಿ ತಾವೊಬ್ಬರೇ ಇದ್ದೇವೆಂದು ನಂಬಿದ್ದವು. ಶುರುವಾದೊಡನೆ ಪರದೆಯ ಅಳತೆಯನ್ನೇ ತಮಗೆ ಬೇಕಾದಂತೆ ಬದಲಾಯಿಸಿ, ಉಳಿದದ್ದನ್ನೆಲ್ಲಾ ಹಿಂದಕ್ಕೆ ತಳ್ಳಿ, ಅಂಚಿನಿಂದ ಅಂಚಿನವರೆಗೆ ಹರಡಿಕೊಳ್ಳುತ್ತಿದ್ದವು. ನಡುವೆ ಬೇರೆ ಏನನ್ನೋ ನೋಡಲು ಹೋದರೆ ಪರದೆ ಕಪ್ಪಾಗಿ ಎಲ್ಲವೂ ನಿಂತುಬಿಡುತ್ತಿತ್ತು. ತಾತ ಎರಡು ಸಲ ಹಾಗೆ ಸಿಕ್ಕಿಹಾಕಿಕೊಂಡು, ಮೂರನೆಯ ಸಲ ಪ್ರಯತ್ನಿಸುವುದನ್ನೇ ಬಿಟ್ಟಿದ್ದ.

ಆಟದ ಸೆಟ್ಟಿಂಗಿನಲ್ಲಿ ಹುಡುಕಿದೆ, ಚಿಕ್ಕದು ಮಾಡುವ ಆಯ್ಕೆಯೇ ಇರಲಿಲ್ಲ. ಸಾಮಾನ್ಯವಾಗಿ ಒತ್ತುವ ಕೀಬೋರ್ಡಿನ ಎರಡು ಕೀಲಿಗಳನ್ನು ಒಟ್ಟಿಗೆ ಒತ್ತಿದೆ, ಆಟ ಗಣನೆಗೇ ತೆಗೆದುಕೊಳ್ಳಲಿಲ್ಲ. ಕೊನೆಗೆ ಇಂಥ ಹಳೆಯ ಆಟಗಳ ಪ್ರೇಮಿಗಳು ಮಾತಾಡಿಕೊಳ್ಳುವ ಒಂದು ತಾಣದಲ್ಲಿ, ಯಾರೋ ಬರೆದಿಟ್ಟಿದ್ದ ಪುಟ್ಟ ಪ್ರೋಗ್ರಾಮ್ ಸಿಕ್ಕಿತು. ಅದು ಮಾಡುವ ಕೆಲಸ ಇಷ್ಟೇ: ಆಟಕ್ಕೂ ಕಂಪ್ಯೂಟರಿಗೂ ನಡುವೆ ನಿಂತು ಆಟಕ್ಕೆ ಒಂದು ಸುಳ್ಳು ಹೇಳುತ್ತದೆ. ಇಡೀ ಪರದೆ ನಿನ್ನದೇ, ಪರದೆ ಇರುವುದೇ ಇಷ್ಟು ಎನ್ನುತ್ತದೆ. ಆಟ ನಂಬುತ್ತದೆ, ಒಂದು ಚೌಕದೊಳಗೆ ನೆಮ್ಮದಿಯಾಗಿ ನಡೆಯುತ್ತದೆ. ಸುತ್ತಲೂ ಬೇರೆ ಲೋಕವಿದೆ ಎಂಬುದು ಅದಕ್ಕೆ ತಿಳಿಯುವುದೇ ಇಲ್ಲ.

ಗುಲಾಬಿ ನೀರು ಬಂದದ್ದು ಆ ಪ್ರೋಗ್ರಾಮ್ ಹಾಕಿದ ಮೇಲೆ. ಆಟದ ಬಳಿ ಇದ್ದದ್ದು ಇನ್ನೂರೈವತ್ತಾರು ಬಣ್ಣಗಳ ಒಂದು ಪಟ್ಟಿ. ಪರದೆಯನ್ನು ಬೇರೆಯವರ ಜೊತೆ ಹಂಚಿಕೊಂಡ ಕೂಡಲೇ ಆ ಪಟ್ಟಿ ಅಲ್ಲಲ್ಲಿ ಅದಲುಬದಲಾಗಿತ್ತು. ಆ ಪ್ರೋಗ್ರಾಮಿನ ಸೆಟ್ಟಿಂಗಿನಲ್ಲಿ ಒಂದು ಕಡೆ ಗುರುತು ಹಾಕಿದೆ, ಬಣ್ಣದ ವಿಷಯದಲ್ಲೂ ಸುಳ್ಳು ಹೇಳು ಎಂದು. ನೀರು ನೀಲಿಯಾಯಿತು.

"ಈಗ ನೀರು ಕಂಡಂಗಾಯ್ತು" ಎಂದ ತಾತ.

ಮುಂದಿನ ತೊಂದರೆ ಅವನೇ ಕಂಡುಹಿಡಿದ. ಮೊದಲು ಮೌಸನ್ನು ಪರದೆಯ ಅಂಚಿಗೆ ಒತ್ತಿದರೆ ನಕ್ಷೆ ಆ ಕಡೆಗೆ ಸರಿಯುತ್ತಿತ್ತು. ಈಗ ಅಂಚಿಗೆ ಒತ್ತಿದರೆ ಬಾಣದ ಗುರುತು ಚೌಕದಿಂದ ಜಾರಿ ಪಕ್ಕದ ಕ್ಯಾಮೆರಾ ಚಿತ್ರದ ಮೇಲೆ ಬೀಳುತ್ತಿತ್ತು. ಬಲತುದಿಯಲ್ಲಿದ್ದ ಕೊನೆಯ ಗದ್ದೆಗೆ ಹೋಗಲಾಗುತ್ತಿರಲಿಲ್ಲ.

"ಬದು ದಾಟಿ ಬೀದಿಗೆ ಬೀಳ್ತಾ ಇದೀನಲ್ಲವ್ವಾ" ಎಂದ. ಗುರುತು ಹೊರಬಿದ್ದ ಕ್ಷಣ ಆಟ ತಾನಾಗಿ ನಿಂತದ್ದನ್ನು ಇಬ್ಬರೂ ಒಟ್ಟಿಗೆ ಗಮನಿಸಿದೆವು. ಕಾಲುವೆಯ ಮಿನುಗು ಇದ್ದಲ್ಲೇ ಹೆಪ್ಪುಗಟ್ಟಿತ್ತು.

"ನಾನು ವಾಪಸ್ ಬರೋವರೆಗೂ ಹಿಂಗೇ ನಿಂತಿರುತ್ತಾ?"

"ಇರುತ್ತೆ ತಾತ."

"ನಿಜವಾದ ತೂಬೂ ಹಿಂಗಿದ್ದಿದ್ರೆ ನಮ್ಮಪ್ಪ ಊರಿನ ಮದುವೆ ಊಟ ಒಂದೂ ಬಿಡ್ತಿರಲಿಲ್ಲ."

ನಕ್ಷೆ ಸರಿಸಲು ಕೀಬೋರ್ಡಿನ ಬಾಣದ ಕೀಲಿಗಳನ್ನು ತೋರಿಸಿಕೊಟ್ಟೆ. ಶುಕ್ರವಾರ ಮಧ್ಯಾಹ್ನದ ಹೊತ್ತಿಗೆ ಎಡಗೈಯ ಎರಡು ಬೆರಳಲ್ಲಿ ನಕ್ಷೆ, ಬಲಗೈಯಲ್ಲಿ ಮೌಸು. ಪರದೆಯ ಎಡಕ್ಕೆ ಆಟದ ಚೌಕ, ಬಲಕ್ಕೆ ಮೇಲೆ ಮೂಲೆಯ ಚಿತ್ರ, ಕೆಳಗೆ ಗೇಟಿನ ಚಿತ್ರ. ಆಟದ ಚೌಕ ತಾತನ ಕಣ್ಣಿಗೆ ನೇರವಾಗಿರಲೆಂದು ಅದನ್ನು ಗೇಟಿನ ಚಿತ್ರದ ಎಡ ಅಂಚಿನ ಮೇಲೆ ಸ್ವಲ್ಪ ಹತ್ತುವಂತೆ ಇಟ್ಟಿದ್ದೆ. ವಾಲ್ವ್ ಇರುವ ಮೇಲಿನ ಚಿತ್ರ ಪೂರ್ತಿ ಕಂಡರೆ ಸಾಕಲ್ಲ ಎಂದು ನನ್ನ ಲೆಕ್ಕ.

"ಇದನ್ನ ಈಚೆಗೆ ಎಳಿ, ಎರಡು ಬೆರಳು" ಎಂದ ತಾತ.

"ಯಾಕೆ ತಾತ? ಅಲ್ಲಿರೋದು ಪಕ್ಕದ ಗೋಡೆ, ಒಂದು ಡ್ರಮ್ಮು."

"ಇರಲಿ ಬಿಡು. ಸ್ವಲ್ಪ ಗಾಳಿ ಆಡಲಿ."

ಎಳೆದೆ. ಆದರೆ ಆಟ ಮುಚ್ಚಿ ತೆರೆದಾಗಲೆಲ್ಲ ಚೌಕ ಮೊದಲಿನ ಜಾಗಕ್ಕೇ ಬಂದು ಕೂರುತ್ತಿತ್ತು. ತಾತ ಪ್ರತಿ ಸಲ ತಾನೇ ಎಳೆದುಕೊಳ್ಳುತ್ತಿದ್ದ. ಅದೊಂದು ಸಣ್ಣ ಹಟವೆಂದು ನಾನು ಸುಮ್ಮನಾದೆ.

ಶನಿವಾರ ನೀರಿನ ದಿನ. ಅಮ್ಮ ತಾನು ಕೆಲಸ ಮಾಡುವ ಕಾಕ್ಸ್ ಟೌನಿನ ಶಾಲೆಗೆ ಹೋಗಿಯಾಗಿತ್ತು. ನಾನು ತಾತನ ಹಿಂದೆ, ಅವನಿಗೆ ಕಾಣದಂತೆ, ಕಾಫಿ ಲೋಟ ಹಿಡಿದು ಕುಳಿತೆ. ಏನೇ ಆದರೂ ಬಾಯಿ ಬಿಡಬಾರದೆಂದು ನಿರ್ಧರಿಸಿದ್ದೆ. ನಾನು ನೆನಪಿಸಿದರೆ ಪರೀಕ್ಷೆಯಾಗುವುದಿಲ್ಲ.

ಏಳು ಗಂಟೆ ನಲವತ್ತು ನಿಮಿಷಕ್ಕೆ ಮೇಲಿನ ಚಿತ್ರದಲ್ಲಿ ಸ್ಕೂಟರ್ ಬಂದು ನಿಂತಿತು. ವಾಲ್ವಿನವನು ಸಲಾಕೆ ಇಳಿಸಿದ, ತಿರುಗಿಸಿದ, ಹೋದ. ತಾತ ಆಟದಲ್ಲಿ ಒಂದು ಗದ್ದೆಯ ಬಾಯಿ ಬಿಡಿಸುತ್ತಿದ್ದ. ತಲೆ ಅಲುಗಲಿಲ್ಲ. ಒಂದು ನಿಮಿಷವಾಯಿತು. ಮೂರಾಯಿತು. ನನ್ನ ಕಾಫಿ ಆರಿತು. ಎರಡು ದಿನ ನಾನು ಹೇಳಿಸಿದ ಸುಳ್ಳುಗಳೆಲ್ಲ ವ್ಯರ್ಥ, ಚಿಕ್ಕಪ್ಪ ಹೇಳಿದ್ದೇ ಸರಿಯಿರಬಹುದು, ತಾತನಿಗೆ ನಿಜವಾಗಿ ಮರೆವು ಶುರುವಾಗಿರಬಹುದು ಎಂಬ ಯೋಚನೆ ಬಂತು. ಎಂಟನೆಯ ನಿಮಿಷಕ್ಕೆ ನನ್ನಿಂದ ತಡೆಯಲಾಗಲಿಲ್ಲ.

"ತಾತ, ನೀರು ಬಂತು."

"ಬಂದು ಆಗಲೇ ಎಂಟು ನಿಮಿಷ ಆಯ್ತು" ಎಂದ ಹಿಂದಿರುಗಿ ನೋಡದೆ. "ನೀನು ಅಲ್ಲಿ ಉಸಿರು ಬಿಗಿಹಿಡ್ಕೊಂಡು ಕೂತಿರೋದೂ ಗೊತ್ತು. ಬಾ ಇಲ್ಲಿ."

ಹೋದೆ. ಗೇಟಿನ ಚಿತ್ರದ ಎಡ ಅಂಚನ್ನು, ಅವನು ಎರಡು ಬೆರಳಿನಷ್ಟು ತೆರೆದಿಟ್ಟುಕೊಂಡಿದ್ದ ಜಾಗವನ್ನು ತೋರಿಸಿದ. ನೀಲಿ ಡ್ರಮ್ಮಿನ ಬಳಿ ಒಬ್ಬ ಹೆಂಗಸು ನಿಂತಿದ್ದಳು. ನಮ್ಮ ಮನೆ ದಾಟಿದರೆ ಗಲ್ಲಿಯ ಕೊನೆಗೆ ಶೀಟು ಹೊದೆಸಿದ ಒಂದೇ ಮನೆ. ಅಲ್ಲಿಗೆ ನೆಲ ಏರುತ್ತದೆ. ಸಂಪಿಲ್ಲ, ಮೋಟಾರಿಲ್ಲ, ಒಂದು ನಲ್ಲಿ, ಒಂದು ಪೈಪು, ಎರಡು ಡ್ರಮ್ಮು. ಅವಳು ಪೈಪನ್ನು ಮೊದಲ ಡ್ರಮ್ಮಿನಿಂದ ಎರಡನೆಯದಕ್ಕೆ ಬದಲಾಯಿಸಿದಳು. ನಾವಿಬ್ಬರೂ ನೋಡುತ್ತಾ ಕುಳಿತೆವು. ಬಹಳ ಹೊತ್ತಾದ ಮೇಲೆ ಅವಳು ಒಂದು ಹಲಗೆಯನ್ನು ಎರಡನೆಯ ಡ್ರಮ್ಮಿನ ಮೇಲೆ ಮುಚ್ಚಿ ಒಳಗೆ ಹೋದಳು.

"ಆಯ್ತು" ಎಂದು ತಾತ ಎದ್ದ. ಮೊಳೆಯಿಂದ ಕೀಲಿ ತೆಗೆದುಕೊಂಡ. ಚೌಕದೊಳಗೆ ಅವನ ಕಾಲುವೆ ಹೆಪ್ಪುಗಟ್ಟಿ ನಿಂತಿತು.

ಗೇಟಿನ ಬಳಿ ಅವನು ಕಾಕು ತಿರುಗಿಸಿದಾಗ ಸಂಪಿನೊಳಗೆ ನೀರು ದಪ್ಪವಾಗಿ ಬೀಳುವ ಸದ್ದು ಕೇಳಿತು.

"ಕೇಳಿಸ್ತಾ? ನಾವು ಬಾಯಿ ಬಿಟ್ವಿ ಅಂದ್ರೆ ಅವಳ ನಲ್ಲಿ ಬರೀ ಉಸ್ ಉಸ್ ಅನ್ನುತ್ತೆ."

"ಹಾಗಾದ್ರೆ ಮೊದಲನೇ ಸಲ ನೀರು ತಪ್ಪಿದ್ದು..."

"ಅವತ್ತು ಆಟ ಹಾಕಿರಲಿಲ್ಲ, ಕ್ಯಾಮೆರಾನೇ ನೋಡ್ತಾ ಕೂತಿದ್ದೆ. ಅವಳದ್ದು ಎರಡನೇ ಡ್ರಮ್ಮು ಅರ್ಧ ಆಗಿತ್ತು. ಇನ್ನೇನು ಆಗೋಯ್ತು ಅಂತ ಕಾಯ್ತಾ ಇದ್ದೆ. ಆ ಪುಣ್ಯಾತ್ಮ ಬೇಗ ಬಂದು ವಾಲ್ವ್ ಮುಚ್ಚಿಬಿಟ್ಟ."

"ಬುಧವಾರ ತುಂಬಿ ಹರಿದದ್ದು?"

ತಾತ ಸಂಪಿನೊಳಗೆ ನೋಡುತ್ತಾ ನಿಂತ. "ಅದು ನನ್ನ ತಪ್ಪೇ. ಕಾಕು ಬಿಟ್ಟು ಬಂದು ಒಂದು ನಿಮಿಷ ಅಂತ ಕೂತೆ. ಕುದುರೆಯವರು ಬಂದ್ಬಿಟ್ರು."

ನನಗೆ ನಗು ಬಂತು, ಅವನಿಗೂ. ಆಮೇಲೆ ಕೇಳಿದೆ: "ಚಿಕ್ಕಪ್ಪನಿಗೆ ಯಾಕೆ ಹೇಳ್ಲಿಲ್ಲ? ಮರೆವು ಅಂತ ಅವರು ಅಂದಾಗ ಸುಮ್ನೆ ಇದ್ದೆಯಲ್ಲ."

"ಹೇಳಿದ್ರೆ ಏನಂತಾನೆ? ಮನೆ ಸಂಪು ಖಾಲಿ ಇಟ್ಕೊಂಡು ಊರೋರಿಗೆ ನೀರು ಬಿಡ್ತಾನೆ, ಮುದುಕನಿಗೆ ತಲೆ ಕೆಟ್ಟಿದೆ ಅಂತಾನೆ. ಅದಕ್ಕಿಂತ ಮರೆವೇ ಮರ್ಯಾದೆ."

"ಆಯಮ್ಮನಿಗೆ ಗೊತ್ತಾ?"

"ಯಾಕ್ ಗೊತ್ತಾಗ್ಬೇಕು? ಗೊತ್ತಾದ್ರೆ ಬಂದು ಕೇಳೋಕೆ ಶುರುಮಾಡ್ತಾಳೆ. ಕೇಳಿಸ್ಕೊಂಡು ಬಿಡೋದು ನೀರುಗಂಟಿ ಕೆಲಸ ಅಲ್ಲ ಕಣವ್ವ." ಗಲ್ಲಿಯ ಕೊನೆಯ ಕಡೆ ನೋಡಿ, "ಆಟೋಮ್ಯಾಟಿಕ್ ಬಂದ್ರೆ ನೀರು ಬಂದ ತಕ್ಷಣ ಎಳ್ಕೊಳುತ್ತೆ ಅಂತಲ್ಲ ಅವನು ಹೇಳಿದ್ದು?" ಎಂದ.

"ಹೌದು."

ಅವನು ಸಂಪು ತುಂಬುವವರೆಗೂ ಕೀಲಿಯ ಮೇಲೆ ಎರಡೂ ಕೈ ಇಟ್ಟು ನಿಂತಿದ್ದು, ಮುಚ್ಚಿ ಒಳಗೆ ಬಂದ.

ನಾನು ಎರಡು ದಿನ ಒಂದೇ ಕಾರಣದ ಬೆನ್ನು ಹತ್ತಿದ್ದೆ. ಆಟ ಕ್ಯಾಮೆರಾವನ್ನು ಮುಚ್ಚಿತ್ತು, ಅದರಿಂದ ತಪ್ಪಾಯಿತು ಎಂದು. ಎರಡು ತಪ್ಪಿನಲ್ಲಿ ಒಂದಕ್ಕೆ ಮಾತ್ರ ಅದು ಸರಿಹೊಂದುತ್ತಿತ್ತು. ಇನ್ನೊಂದು ತಪ್ಪೇ ಆಗಿರಲಿಲ್ಲ. ಆಟವನ್ನು ಚೌಕದೊಳಗೆ ಕೂರಿಸದಿದ್ದರೆ, ತಾತ ಪರದೆಯ ಯಾವ ಜಾಗವನ್ನು ನೋಡುತ್ತಾನೆ ಎಂಬುದು ನನಗೆ ಎಂದೂ ತಿಳಿಯುತ್ತಿರಲಿಲ್ಲ.

ಸಂಜೆ ಚಿಕ್ಕಪ್ಪ ಬಂದಾಗ ನಾನು ಹೇಳಬೇಕಾದಷ್ಟನ್ನು ಹೇಳಿದೆ. ಆಟ ಹಾಕಿಕೊಟ್ಟದ್ದು ನಾನು, ಅದು ಕ್ಯಾಮೆರಾವನ್ನು ಮುಚ್ಚುತ್ತಿತ್ತು, ಬುಧವಾರ ಸಂಪು ಉಕ್ಕಿದ್ದು ಅದರಿಂದ. ಈಗ ಎರಡೂ ಒಟ್ಟಿಗೆ ಕಾಣುತ್ತವೆ, ಇವತ್ತು ಸಂಪು ತುಂಬಿದೆ.

ಅವರು ಪರದೆಯನ್ನು ನೋಡಿದರು, ತಾತನನ್ನು ನೋಡಿದರು. "ಏನಪ್ಪಾ, ಗೇಮ್ ಆಡ್ತಾ ಇದ್ದೆಯಾ? ಈ ವಯಸ್ಸಲ್ಲಿ?"

"ನೀನು ಟೀವಿ ನೋಡು ಅಂದೆ. ಇದೂ ಟೀವಿ ತರಾನೇ ಇದೆ."

ಚಿಕ್ಕಪ್ಪ ತಡೆಯಲಾಗದೆ ನಕ್ಕರು. ಆಮೇಲೆ ನನ್ನ ಕಡೆ ತಿರುಗಿ, "ಸರಿ, ಮರೆವಲ್ಲ ಅಂತ ಆಯ್ತು. ಆದ್ರೆ ತುಂಬಿ ಹರಿಯೋದು ಮತ್ತೆ ಆಗಲ್ಲ ಅಂತ ಏನ್ ಗ್ಯಾರಂಟಿ? ಪ್ಲಂಬರ್ ಹೆಂಗೂ ಎಂಟಕ್ಕೆ ಬರ್ತಾನೆ. ನನಗೆ ಹೊರಗೆ ಕೆಲಸ ಇದೆ. ನೀನೇ ನಿಂತು ಮಾಡಿಸು, ನೀರು ಉಕ್ಕಬಾರದು, ಅಷ್ಟೇ" ಎಂದರು.

ನೀರು ಉಕ್ಕಬಾರದು, ಅಷ್ಟೇ. ಆ ಮಾತನ್ನು ನಾನು ಅವರು ಹೇಳಿದಂತೆಯೇ ನೆನಪಿಟ್ಟುಕೊಂಡೆ.

ಮರುದಿನ ಬೆಳಗ್ಗೆ ಎಂಟಕ್ಕೆ ಪ್ಲಂಬರ್ ಬಂದ. ಸಂಪಿನೊಳಗೆ, ಪೈಪಿನ ಬಾಯಿಗೆ, ತುಂಬಿದರೆ ತಾನೇ ಮುಚ್ಚಿಕೊಳ್ಳುವ ತೇಲು ಚೆಂಡಿನ ವಾಲ್ವ್ ಹಾಕಿಸಿದೆ. ಅವನು ಗೇಟಿನ ಬಳಿಗೆ ಹೋಗಿ ನೆಲದೊಳಗಿನ ಕಾಕಿಗೆ ಸ್ಪ್ಯಾನರ್ ಹಚ್ಚಿದ.

"ಅದು ಬೇಡ" ಎಂದೆ.

"ಸಾರ್ ಇದನ್ನ ಕಿತ್ತುಬಿಡಿ ಅಂದಿದ್ರು ಮೇಡಂ. ಇದಿದ್ರೆ ಫುಲ್ ಆಟೋಮ್ಯಾಟಿಕ್ ಆಗಲ್ಲ. ಒಬ್ರು ಬಂದು ತೆಗೀಲೇಬೇಕಾಗುತ್ತೆ."

"ತೆಗೆಯೋರು ಇದಾರೆ. ಕಾಕು ಇರಲಿ."

ಅವನು ಹೋದ ಮೇಲೆ ಒಳಗೆ ಬಂದೆ. ತಾತ ಸ್ನಾನಕ್ಕೆ ಹೋಗಿದ್ದ. ಅವನ ಕುರ್ಚಿಯಲ್ಲಿ ಕುಳಿತು ಆ ಪುಟ್ಟ ಪ್ರೋಗ್ರಾಮಿನ ಸೆಟ್ಟಿಂಗ್ ಫೈಲ್ ತೆರೆದೆ. ಚೌಕ ಪರದೆಯ ಎಡ ಅಂಚಿನಿಂದ ಎಷ್ಟು ದೂರದಲ್ಲಿ ತೆರೆದುಕೊಳ್ಳಬೇಕು ಎಂದು ಹೇಳುವ ಸಾಲಿನಲ್ಲಿ ನೂರ ಇಪ್ಪತ್ತು ಎಂದಿತ್ತು. ಅದನ್ನು ಅಳಿಸಿ ನಲವತ್ತು ಎಂದು ಬರೆದೆ. ಆಟವನ್ನು ಮುಚ್ಚಿ ಮತ್ತೆ ತೆರೆದೆ. ಎರಡು ಡ್ರಮ್ಮುಗಳೂ ಕಾಣುತ್ತಿದ್ದವು.